‘ಕೇಸ್ ಹಾಕಬೇಡಿ’ ಅನ್ನೋ ಮಾತಿಗೆ 2,500 ರೂಪಾಯಿ: ಕರೆಂಟ್ ತಕರಾರು ನೋಡುವ ಒಂದು ವಕೀಲರ ಕಚೇರಿಯ ರಿವ್ಯೂ

ಮೊದಲೇ ಹೇಳಿಬಿಡುತ್ತೇನೆ, ಈ ಕಚೇರಿಯ ಹೆಸರು ಹಾಕುವುದಿಲ್ಲ. ಬೇಡ ಅಂದವರು ಅಲ್ಲಿನ ವಕೀಲೆ ಮೇಡಮ್ಮನವರೇ. ವಕೀಲರು ಜಾಹೀರಾತು ಮಾಡಿಕೊಳ್ಳುವ ಹಾಗಿಲ್ಲ, ಬಾರ್ ಕೌನ್ಸಿಲ್ ನಿಯಮ ಇದೆ, "ನೀವು ಹೊಗಳಿ ಬರೆದು ಆಮೇಲೆ ನನಗೆ ನೋಟಿಸ್ ಬರೋದು ಬೇಡ" ಅಂತ ನಕ್ಕರು. ಹಾಗಾಗಿ ಬೆಂಗಳೂರಿನ ಗಾಂಧಿನಗರ, ಎರಡನೇ ಮಹಡಿ, ಕೆಳಗೊಂದು ಕಾಫಿ ಅಂಗಡಿ, ಇಷ್ಟೇ. ಗಾಂಧಿನಗರದಲ್ಲಿ ಕೆಳಗೆ ಕಾಫಿ ಅಂಗಡಿ ಇಲ್ಲದ ವಕೀಲರ ಕಚೇರಿ ಎಲ್ಲಿದೆ ಅಂತೀರಾ, ಅದು ಬೇರೆ ವಿಷಯ.

ಮತ್ತೆ ಯಾಕೆ ಬರೆಯುತ್ತಿದ್ದೇನೆ? ಓಸಿ (ಕಟ್ಟಡ ಪ್ಲಾನಿನಂತೆಯೇ ಇದೆ, ವಾಸ ಮಾಡಬಹುದು ಅನ್ನೋ ಸರ್ಟಿಫಿಕೇಟು) ಇಲ್ಲ ಅಂತ ಪರ್ಮನೆಂಟ್ ಮೀಟರ್ ಸಿಗದೆ ಒದ್ದಾಡುತ್ತಿರುವವರು ನಮ್ಮ ರಸ್ತೆಯಲ್ಲೇ ಆರು ಮನೆಯವರಿದ್ದಾರೆ. ಆರು ಮನೆಯವರಿಗೂ ಆರು ಥರ ಸಲಹೆ ಸಿಕ್ಕಿದೆ. ದುಡ್ಡು ಮಾತ್ರ ಎಲ್ಲರದ್ದೂ ಒಂದೇ ಥರ ಹೋಗಿದೆ.

ನಮ್ಮ ಕತೆ ಸಣ್ಣದಾಗಿ ಹೇಳುತ್ತೇನೆ. ಅಂದ್ರಹಳ್ಳಿ ಹತ್ತಿರ 30×50 ಸೈಟು. ಸ್ಯಾಂಕ್ಷನ್ ಪ್ಲಾನ್ ಇದ್ದದ್ದು ನೆಲಮಹಡಿ ಮೇಲೆ 2 ಮಹಡಿಗೆ. ಕಟ್ಟಿದ್ದು ಅದರ ಮೇಲೆ ಇನ್ನೊಂದು ಅರ್ಧ ಮಹಡಿ, ಒಂದು ಬೆಡ್‌ರೂಮಿನ ಮನೆ. ಮೇಸ್ತ್ರಿ ಹೇಳಿದ, "ಎಲ್ರೂ ಹಾಕ್ತಾರೆ ಸಾರ್, ಬಾಡಿಗೆಗೆ ಆಗುತ್ತೆ." ನಾನೂ ಲೆಕ್ಕ ಹಾಕಿದೆ, ತಿಂಗಳಿಗೆ 14 ಸಾವಿರ ಬಂದರೆ ಲೋನಿನ ಕಂತಿಗೆ ಆಸರೆ. ಮುಂದೊಂದು ದಿನ ಅಕ್ರಮ-ಸಕ್ರಮ, ಅಂದರೆ ದಂಡ ಕಟ್ಟಿಸಿಕೊಂಡು ಇಂಥ ಕಟ್ಟಡಗಳನ್ನು ಸಕ್ರಮ ಮಾಡೋ ಯೋಜನೆ, ಬರುತ್ತೆ ಬಿಡು ಅನ್ನೋ ಧೈರ್ಯ ಬೇರೆ. ಅದಕ್ಕೆ ಸುಪ್ರೀಂ ಕೋರ್ಟ್ 2017ರ ಜನವರಿಯಲ್ಲೇ ತಡೆ ಕೊಟ್ಟಿದ್ದು ನನಗೆ ಗೊತ್ತಿತ್ತು. ಗೊತ್ತಿದ್ದೂ ಕಟ್ಟಿದೆ. ಬೆಂಗಳೂರಲ್ಲಿ ಮನೆ ಕಟ್ಟುವವರು ಸಿಮೆಂಟಿಗಿಂತ ಜಾಸ್ತಿ ಇದೇ ಧೈರ್ಯವನ್ನು ಕಲಸಿ ಹಾಕಿರುತ್ತಾರೆ.

ಗೃಹಪ್ರವೇಶ 2025ರ ಫೆಬ್ರವರಿ. ಏಪ್ರಿಲಲ್ಲಿ ಪರ್ಮನೆಂಟ್ ಕನೆಕ್ಷನ್‌ಗೆ ಹೋದರೆ ಓಸಿ ತನ್ನಿ ಅಂದರು. ಸ್ವಾಧೀನಾನುಭವ ಪ್ರಮಾಣ ಪತ್ರ ಅಂತ ಬೋರ್ಡಿನಲ್ಲಿ ಬರೆದಿತ್ತು, ಓದಿ ಮುಗಿಸೋ ಹೊತ್ತಿಗೆ ನನ್ನ ಟೋಕನ್ ದಾಟಿ ಹೋಗಿತ್ತು. ಒಂದು ಮಾತು ಹೇಳಬೇಕು, ಕೌಂಟರಿನಲ್ಲಿದ್ದ ಹುಡುಗಿ ಬಹಳ ಮರ್ಯಾದೆಯಿಂದಲೇ ಮಾತಾಡಿದಳು. "ನಮ್ಮ ಕೈಲಿಲ್ಲ ಸರ್, ಸುಪ್ರೀಂ ಕೋರ್ಟ್ ಆರ್ಡರ್, ಮೇಲಿಂದ ಬಂದಿದೆ" ಅಂದಳು. ನಾನು ಮನಸ್ಸಿನಲ್ಲಿ, ಎಲ್ಲರೂ ಕೈಲಾಗದೆ ಇದ್ದಾಗ ಸುಪ್ರೀಂ ಕೋರ್ಟ್ ಅಂತಾರೆ ಅಂದುಕೊಂಡೆ. ಆಮೇಲೆ ಗೊತ್ತಾಯಿತು, ಆ ಹುಡುಗಿ ಹೇಳಿದ್ದು ಅಕ್ಷರಶಃ ನಿಜ.

ಹಾಗಾಗಿ ಕಟ್ಟುವಾಗ ತೆಗೆದುಕೊಂಡಿದ್ದ ಟೆಂಪರರಿ ಕನೆಕ್ಷನ್ ಮೇಲೇ ಸಂಸಾರ. ಒಂದೇ ಮೀಟರು, ಅದರ ಕೆಳಗೆ ನಾವು, ಮೇಲೆ ಮೂರು ಬಾಡಿಗೆ ಮನೆ. ಎಸ್.ಪಿ. ರೋಡಿಂದ ಸಬ್ ಮೀಟರ್ ತಂದು ಹಾಕಿಸಿದೆ. 2025ರಲ್ಲಿ ಮನೆಯ ದರ ಯೂನಿಟ್‌ಗೆ 6 ರೂಪಾಯಿ ಆಸುಪಾಸು ಇತ್ತು, ಟೆಂಪರರಿ ದರ ಅದಕ್ಕಿಂತ ಎಷ್ಟೋ ಜಾಸ್ತಿ, ಗೃಹಜ್ಯೋತಿ ಅಂತೂ ಕನಸಿನ ಮಾತು. ಮನೆ ನೋಡೋಕೆ ಬಂದವರು ಮೊದಲು ಕಾವೇರಿ ನೀರು ಬರುತ್ತಾ ಅಂತ ಕೇಳುತ್ತಾರೆ, ಆಮೇಲೆ ಗೃಹಜ್ಯೋತಿ ಇದೆಯಾ ಅಂತ ಕೇಳುತ್ತಾರೆ, ಇಲ್ಲ ಅಂದ ತಕ್ಷಣ ಮನೆ ಚೆನ್ನಾಗಿದೆ, ಫೋನ್ ಮಾಡ್ತೀವಿ ಅಂತ ಹೋಗುತ್ತಾರೆ. ಲೋಡು ಸಾಲದೆ ಬೀಳೋ ಟ್ರಿಪ್ಪು ಬೇರೆ. ನನ್ನ ಹೆಂಡತಿ ಮೆಟ್ಟಿಲ ಹತ್ತಿರ ಒಂದು ಹಾಳೆ ಅಂಟಿಸಿದ್ದಾಳೆ: "ಮೋಟರ್ 6ರಿಂದ 6.30. ಆ ಹೊತ್ತಲ್ಲಿ ಗೀಸರ್ ಯಾರೂ ಹಾಕಬೇಡಿ. ಹಾಕಿದವರೇ ಕೆಳಗೆ ಬಂದು ಎಂಸಿಬಿ ಎತ್ತಬೇಕು." ಎರಡನೇ ಮಹಡಿಯ ಹುಡುಗ ಟವೆಲ್ ಸುತ್ತಿಕೊಂಡು, ತಲೆತುಂಬ ಶಾಂಪೂ ನೊರೆ ಇಟ್ಟುಕೊಂಡು ಕೆಳಗೆ ಬಂದಿದ್ದನ್ನು ನಾನು ಕಣ್ಣಾರೆ ನೋಡಿದ್ದೇನೆ.

ವಕೀಲರ ಹತ್ತಿರ ಹೋಗೋ ಮುಂಚೆ ನಾನು ಒಬ್ಬ ಏಜೆಂಟ್ ಹತ್ತಿರ ಹೋಗಿದ್ದೆ. ಅವನು ಲೈಸೆನ್ಸ್ ಇರುವ ಕಾಂಟ್ರಾಕ್ಟರೂ ಅಲ್ಲ, ಅಂಥವರ ಹಿಂದೆ ಬ್ಯಾಗ್ ಹಿಡಿದು ಓಡಾಡುವವನು. 65 ಸಾವಿರ ಕೊಡಿ, ಓಸಿಯೂ ಮಾಡಿಸ್ತೀನಿ, ಮೀಟರೂ ಹಾಕಿಸ್ತೀನಿ ಅಂದ. ಎರಡು ತಿಂಗಳು ಫೋನ್ ಎತ್ತಲಿಲ್ಲ. ಆಮೇಲೆ ಒಂದು ದಿನ ಪ್ಲಾಸ್ಟಿಕ್ ಕವರಿನಲ್ಲಿ ಒಂದು ಕಾಗದ ತಂದ. ಓಸಿ! ಸೀಲು ಇದೆ, ಸಹಿ ಇದೆ, ನನ್ನ ಹೆಸರಿದೆ. ಅವನು "ಈಗಲೇ ಕೊಡಬೇಡಿ ಸಾರ್, ನಾನು ಹೇಳಿದ ಮೇಲೆ ಕೊಡಿ" ಅಂದ. ಆ ಮಾತೊಂದು ಯಾಕೋ ಸರಿ ಅನಿಸಲಿಲ್ಲ. ಅಮ್ಮ ಬೇರೆ "ಒಳ್ಳೇ ಕಾಗದ ಆಗಿದ್ರೆ ಅವನು ಬಚ್ಚಿಡು ಅಂತ ಯಾಕಂತಾನೆ?" ಅಂದರು. ಹಾಗಾಗಿ ಅದನ್ನು ಬೀರುವಿನಲ್ಲಿ ಇಟ್ಟೆ.

ಅಕ್ಟೋಬರಲ್ಲಿ ಒಂದು ಆಸೆ ಚಿಗುರಿತು. 1,200 ಚದರ ಅಡಿವರೆಗಿನ ಸೈಟಿನಲ್ಲಿ ನೆಲದ ಮೇಲೆ 2 ಮಹಡಿ ಅಥವಾ ಸ್ಟಿಲ್ಟ್ (ಕಂಬಗಳ ಮೇಲೆ ನಿಂತ ಪಾರ್ಕಿಂಗ್ ಮಹಡಿ) ಮೇಲೆ 3 ಮಹಡಿವರೆಗೆ ಕಟ್ಟಿದ ಮನೆಗಳಿಗೆ ಓಸಿ ವಿನಾಯಿತಿ ಅಂತ ಸಂಪುಟ ತೀರ್ಮಾನ ಮಾಡಿತು. ನಮ್ಮ ಎದುರು ಮನೆಯವರದ್ದು 30×40. ಅವರ ಮನೆಯಲ್ಲಿ ಅವತ್ತು ಒಬ್ಬಟ್ಟು. ನಮ್ಮದು 30×50, ಅಂದರೆ 1,500. ಹತ್ತು ಅಡಿ ಉದ್ದ ಜಾಸ್ತಿ ಇರಲಿ, ಮುಂದೆ ಒಂದು ಮಾವಿನ ಗಿಡ ಹಾಕೋಣ ಅಂತ 2011ರಲ್ಲಿ ಅಪ್ಪ ತೆಗೆದುಕೊಂಡಿದ್ದ ಸೈಟು. ಮಾವಿನ ಗಿಡವೂ ಹಾಕಲಿಲ್ಲ, ಆ ಜಾಗದಲ್ಲಿ ಈಗ ಸ್ಕೂಟರ್ ನಿಲ್ಲಿಸುತ್ತೇವೆ.

ಅವಾಗಲೇ ನನ್ನ ಆಫೀಸಿನ ಒಬ್ಬರು ಈ ಕಚೇರಿಯ ವಿಳಾಸ ಕೊಟ್ಟಿದ್ದು. ಕರೆಂಟ್ ತಕರಾರು ಮಾತ್ರ ನೋಡ್ತಾರೆ, ಸುತ್ತಿ ಬಳಸಿ ಮಾತಾಡಲ್ಲ ಅಂದರು.

ಈಗ ರಿವ್ಯೂ. ನವೆಂಬರಿನ ಒಂದು ಗುರುವಾರ ಸಂಜೆ 5.30ಕ್ಕೆ ಟೈಮ್ ಕೊಟ್ಟಿದ್ದರು. ಒಳಗೆ ಕರೆದಿದ್ದು 7.10ಕ್ಕೆ. ಒಂದು ಸ್ಟಾರ್ ಇಲ್ಲೇ ಕಟ್. ಲಿಫ್ಟ್ ಇದೆ, ಆದರೆ ಅದರ ಮುಂದೆ ಬಂಡಲ್ ಬಂಡಲ್ ಹಳೇ ಫೈಲ್ ಜೋಡಿಸಿದ್ದಾರೆ, ಅಂದರೆ ಆ ಲಿಫ್ಟು ಬಹಳ ವರ್ಷದಿಂದ ಓಡಿಲ್ಲ ಅಂತ ಅರ್ಥ. ವಯಸ್ಸಾದವರನ್ನು ಕರೆದುಕೊಂಡು ಹೋಗುವವರು ಯೋಚನೆ ಮಾಡಿ. ಕಾಯೋ ಜಾಗದಲ್ಲಿ ಐದು ಪ್ಲಾಸ್ಟಿಕ್ ಕುರ್ಚಿ. ಕೆಳಗಿನ ಅಂಗಡಿಯಿಂದ ಜೂನಿಯರ್ ಹುಡುಗ ಕಾಫಿ ತರಿಸಿ ಕೊಟ್ಟ, ಚೆನ್ನಾಗಿತ್ತು. ಅದಕ್ಕೆ ದುಡ್ಡು ತಗೊಳ್ಳಲಿಲ್ಲ.

ಆ ಒಂದೂವರೆ ಗಂಟೆ ದಂಡ ಅಂತಲೂ ಹೇಳಲಾರೆ. ಪಕ್ಕದಲ್ಲಿ ಕೂತಿದ್ದವರು ಕಮ್ಮನಹಳ್ಳಿ ಕಡೆಯವರು, ಮನೆಯ ಮೀಟರಿನಲ್ಲೇ ಕೆಳಗಡೆ ಹೊಲಿಗೆ ಯೂನಿಟ್ ನಡೆಸುತ್ತಿದ್ದರಂತೆ. ಕರೆಂಟ್ ಕಂಪನಿಯ ತಪಾಸಣೆ ದಳ, ವಿಜಿಲೆನ್ಸ್‌ನವರು ಬಂದು ನೋಡಿ, ವಿದ್ಯುತ್ ಕಾಯ್ದೆ 2003ರ ಸೆಕ್ಷನ್ 126ರಲ್ಲಿ ಲೆಕ್ಕ ಹಾಕಿ 1 ಲಕ್ಷ 84 ಸಾವಿರ ಕಟ್ಟಿ ಅಂದಿದ್ದರು. "ನಾನೇನು ಕದ್ದಿಲ್ಲವಲ್ಲ ಸ್ವಾಮಿ, ಮೀಟರ್ ಓಡಿದ್ದಕ್ಕೆಲ್ಲ ಬಿಲ್ ಕಟ್ಟಿದ್ದೀನಿ" ಅಂತ ಅವರ ವಾದ. ಕದಿಯೋದು ಬೇರೆ, ಅದು ಸೆಕ್ಷನ್ 135. ಇದು ಒಂದಕ್ಕೆ ಅಂತ ಪಡೆದು ಇನ್ನೊಂದಕ್ಕೆ ಬಳಸಿದ್ದು. ಅದಕ್ಕೂ ದರದ ಎರಡು ಪಟ್ಟು. ಯಾವತ್ತಿಂದ ಬಳಸುತ್ತಿದ್ದೀರಿ ಅಂತ ಗೊತ್ತಾಗದಿದ್ದರೆ ಹಿಂದಿನ 12 ತಿಂಗಳಿಗೆ ಹಾಕುತ್ತಾರೆ. ಮೇಲ್ಮನವಿ ಹೋಗಬೇಕು ಅಂದರೆ 30 ದಿನದ ಒಳಗೆ, ಅದೂ ಅರ್ಧ ದುಡ್ಡು ಮೊದಲು ಇಟ್ಟು. ಸಿವಿಲ್ ಕೋರ್ಟಿಗೆ ಓಡೋಣ ಅಂದರೆ ಸೆಕ್ಷನ್ 145 ಆ ಬಾಗಿಲು ಮುಚ್ಚಿದೆ. ಇವರು ಬಂದಿದ್ದು 27ನೇ ದಿನ. ಜೂನಿಯರ್ ಹುಡುಗನ ಮುಖ ನೋಡಬೇಕಿತ್ತು.

ಒಳಗೆ ಹೋದೆ. ಮೇಡಂಗೆ ಐವತ್ತೈದರ ಮೇಲೆ ವಯಸ್ಸು. ಮೇಜಿನ ಮೇಲೆ ಒಂದು ಕೆಂಪು ಪೆನ್ಸಿಲು, ಒಂದು ಉಕ್ಕಿನ ಸ್ಕೇಲು. ನಾನು ಮೊಬೈಲಲ್ಲಿ ಪ್ಲಾನಿನ ಫೋಟೋ ತೆಗೆದೆ. "ಅದನ್ನ ಒಳಗಿಡಿ. ದೊಡ್ಡ ಕಾಪಿ ತಂದಿದ್ದೀರಾ?" ಪುಣ್ಯಕ್ಕೆ ತಂದಿದ್ದೆ. ಮೇಜಿನ ತುಂಬ ಹರಡಿ, ಸ್ಕೇಲ್ ಇಟ್ಟು, ಪ್ರತಿ ಮಹಡಿ ಮೇಲೆ ಪೆನ್ಸಿಲ್ ತಿರುಗಿಸುತ್ತಾ ಹೋದರು. ಕೊನೆಗೆ ಪ್ಲಾನಿನಲ್ಲಿ ಇಲ್ಲದ ಜಾಗದಲ್ಲಿ, ಖಾಲಿ ಕಾಗದದ ಮೇಲೆ, ಒಂದು ಚೌಕ ಬರೆದರು. "ಇದು ನಿಮ್ಮ ಒಂದು ಬೆಡ್‌ರೂಮ್ ಮನೆ ಅಲ್ವಾ?" ಅಂದರು. ಆ ಕೆಂಪು ಚೌಕ ಈಗಲೂ ನನ್ನ ಫೈಲಿನಲ್ಲಿದೆ.

ಆಮೇಲೆ ಏಜೆಂಟ್ ಕೊಟ್ಟ ಓಸಿ ತೋರಿಸಿದೆ. ಮೇಡಂ ಎರಡೇ ನಿಮಿಷ ನೋಡಿದರು. ಗೋಡೆಗೆ ನೇತುಹಾಕಿದ್ದ ಕ್ಯಾಲೆಂಡರ್ ಕೆಳಗಿಳಿಸಿ, ಹಿಂದಿನ ತಿಂಗಳುಗಳನ್ನು ಒಂದೊಂದಾಗಿ ಮಗುಚಿ, ಜೂನ್ ಪುಟದಲ್ಲಿ ಬೆರಳಿಟ್ಟರು. ಕಾಗದದಲ್ಲಿ ದಿನಾಂಕ 15-06-2025. ಕ್ಯಾಲೆಂಡರಲ್ಲಿ ಆ ತಾರೀಖು ಕೆಂಪು. ಭಾನುವಾರ. "ಭಾನುವಾರ ಆಫೀಸ್ ತೆಗೆದು ನಿಮಗೊಬ್ಬರಿಗೇ ಓಸಿ ಕೊಟ್ಟಿದ್ದಾರೆ, ಅದೃಷ್ಟವಂತರು ನೀವು" ಅಂದರು. ಇನ್ನೊಂದು, ಪ್ಲಾನ್ ಇರೋದು ನೆಲ ಮತ್ತು 2ಕ್ಕೆ, ಆ ಕಾಗದದಲ್ಲಿ ನೆಲ ಮತ್ತು 3 ಅಂತ ಇದೆ. ಕೊಟ್ಟಿದ್ದೀರಾ ಎಲ್ಲಾದರೂ ಅಂತ ಮೂರು ಸಲ ಕೇಳಿದರು. ಇಲ್ಲ ಅಂದಮೇಲೆ ಕುರ್ಚಿಗೆ ಒರಗಿದರು. "ಕೊಟ್ಟಿದ್ರೆ ನಿಮ್ಮ ಮನೆಗೆ ಕರೆಂಟ್ ಬರ್ತಿರಲಿಲ್ಲ ಕಣ್ರೀ, ಎಫ್‌ಐಆರ್ ಬರ್ತಿತ್ತು." ಅಮ್ಮನ ಬುದ್ಧಿಗೆ ಮನಸ್ಸಿನಲ್ಲೇ ಕೈಮುಗಿದೆ.

ಇನ್ನು ನನ್ನ ಕಾನೂನು ಜ್ಞಾನ. ವಾಟ್ಸಾಪಿನಲ್ಲಿ ಬಂದಿದ್ದ ತೀರ್ಪುಗಳನ್ನೆಲ್ಲ ಪ್ರಿಂಟ್ ತೆಗೆಸಿ ಒಯ್ದಿದ್ದೆ, ಒಂದು ಕೇಸಾದರೂ ಗೆಲ್ಲಲೇಬೇಕು ಅನ್ನೋ ಹಾಗೆ. ಮೊದಲನೇದು ಸೆಕ್ಷನ್ 43. ಮನೆಯ ಮಾಲೀಕರಾಗಲಿ, ವಾಸ ಇರುವವರಾಗಲಿ ಅರ್ಜಿ ಕೊಟ್ಟರೆ ಕರೆಂಟ್ ಕೊಡಲೇಬೇಕು ಅಂತ ಕಾಯ್ದೆಯಲ್ಲಿದೆ, ಒಂದು ತಿಂಗಳ ಗಡುವೂ ಇದೆ. 2024ರಲ್ಲಿ ತಿದ್ದಿದ ಗ್ರಾಹಕರ ಹಕ್ಕುಗಳ ನಿಯಮದಲ್ಲಂತೂ ಮೆಟ್ರೋ ನಗರಕ್ಕೆ 3 ದಿನ ಅಂತ ಹಾಕಿದ್ದಾರೆ. ಮೂರು ದಿನ! ನನಗೆ ಏಳು ತಿಂಗಳಾಗಿತ್ತು. ಮೇಡಂ ಅದೇ ಸೆಕ್ಷನ್ನಿನ ಕೆಳಗಿರುವ ವಿವರಣೆ ಓದಿಸಿದರು, ನನ್ನ ಕೈಯಲ್ಲೇ, ಜೋರಾಗಿ. ಅರ್ಜಿ ಅಂದರೆ ಎಲ್ಲ ರೀತಿಯಲ್ಲೂ ಪೂರ್ಣವಾದ ಅರ್ಜಿ, ಶುಲ್ಕ ಕಟ್ಟಿದ ದಾಖಲೆ ಮತ್ತು ಬೇರೆ ಷರತ್ತುಗಳ ಪಾಲನೆ ಸಮೇತ. "ಓಸಿ ಇಲ್ಲದಿದ್ರೆ ನಿಮ್ಮದು ಅರ್ಜಿನೇ ಅಲ್ಲ. ಮೂರು ದಿನ ಎಲ್ಲಿಂದ ಶುರು ಆಗುತ್ತೆ?"

ಎರಡನೇದು ಕಲ್ಕತ್ತಾ ಹೈಕೋರ್ಟಿನ ಪೂರ್ಣಪೀಠದ್ದು, 2011. ಜಾಗದ ಮೇಲೆ ಹಕ್ಕಿಲ್ಲದವನೂ ಅಲ್ಲಿ ನೆಲೆಯಾಗಿ ವಾಸ ಇದ್ದರೆ ಕರೆಂಟ್ ಕೇಳಬಹುದು ಅನ್ನುವುದು. ಮೂರನೇದು ದಿಲೀಪ್ ವಿರುದ್ಧ ಸತೀಶ್, ಸುಪ್ರೀಂ ಕೋರ್ಟ್, 2022. ಕರೆಂಟ್ ಮೂಲ ಸೌಕರ್ಯ, ಮಾಲೀಕ ಎನ್‌ಒಸಿ (ಆಕ್ಷೇಪಣೆ ಇಲ್ಲ ಅನ್ನೋ ಪತ್ರ) ಕೊಡಲಿಲ್ಲ ಅಂತ ಬಾಡಿಗೆದಾರನಿಗೆ ಇಲ್ಲ ಅನ್ನುವಂತಿಲ್ಲ ಅಂತ. ಇದು ನನ್ನ ತುರುಪು ಎಲೆ. ಮೇಡಂ ತಲೆ ಆಡಿಸಿದರು. ಎರಡೂ ಒಳ್ಳೇ ತೀರ್ಪು, ಆದರೆ ಎರಡೂ ಮನೆಯಲ್ಲಿ ಯಾರು ಇದ್ದಾರೆ ಅನ್ನೋ ಜಗಳ. ಮಾಲೀಕನಿಗೂ ಬಾಡಿಗೆದಾರನಿಗೂ, ಜಾಗದವನಿಗೂ ವಾಸ ಇರುವವನಿಗೂ. ನಿಮ್ಮ ಜಗಳ ಮನೆಯದ್ದೇ. ಅದೂ ಅಲ್ಲದೆ 2023ರಲ್ಲಿ ಕೆ.ಸಿ. ನಿನಾನ್ ಕೇಸಿನಲ್ಲಿ, ಸೆಕ್ಷನ್ 43ರ ಕರ್ತವ್ಯ ಷರತ್ತಿಲ್ಲದ್ದಲ್ಲ, ಸರಬರಾಜು ನಿಯಮಗಳಿಗೆ ಒಳಪಟ್ಟಿದ್ದು ಅಂತ ಸುಪ್ರೀಂ ಕೋರ್ಟೇ ಹೇಳಿದೆ. ಅದು ಕೇರಳದ್ದು, ಹಿಂದಿನ ಮಾಲೀಕ ಉಳಿಸಿಹೋದ ಕರೆಂಟ್ ಬಾಕಿಯ ಕೇಸು, ಆದರೆ ಮಾತು ನಿಮಗೂ ತಾಗುತ್ತೆ ಅಂದರು.

ಆಮೇಲೆ ಅವರ ಡ್ರಾಯರಿಂದ ಒಂದು ತೀರ್ಪು ಬಂತು. ಅಂಚೆಲ್ಲ ಮುದುಡಿ ಹೋಗಿತ್ತು, ಎಷ್ಟು ಜನರ ಮುಂದೆ ಹೊರಗೆ ಬಂದಿದೆಯೋ. 2024ರ ಡಿಸೆಂಬರ್ 17, ರಾಜೇಂದ್ರ ಕುಮಾರ್ ಬರ್ಜಾತ್ಯ ಕೇಸು. ನ್ಯಾಯಮೂರ್ತಿ ಪರ್ದಿವಾಲಾ ಮತ್ತು ನ್ಯಾಯಮೂರ್ತಿ ಮಹಾದೇವನ್. ಜಗಳ ಇರೋದು ಎಲ್ಲಿ ಗೊತ್ತಾ? ಮೀರತ್ತಿನಲ್ಲಿ. ಅಲ್ಲಿನ ಶಾಸ್ತ್ರಿನಗರದಲ್ಲಿ ಮನೆಗೆಂದು ಕೊಟ್ಟ ಸೈಟಿನಲ್ಲಿ ಅಂಗಡಿ ಕಟ್ಟಿಕೊಂಡಿದ್ದಾರೆ. ಕೆಡವಿ ಅಂತ ಹೇಳಿ ಅಷ್ಟಕ್ಕೇ ಬಿಡದೆ ದೇಶಕ್ಕೆಲ್ಲ ಅನ್ವಯಿಸುವ ನಿರ್ದೇಶನಗಳನ್ನು ಕೊಟ್ಟರು. ಕಂಪ್ಲೀಷನ್ ಅಥವಾ ಆಕ್ಯುಪೆನ್ಸಿ ಸರ್ಟಿಫಿಕೇಟ್ ತೋರಿಸಿದ ಮೇಲೆಯೇ ಕರೆಂಟು, ನೀರು, ಒಳಚರಂಡಿ. ಬ್ಯಾಂಕು ಲೋನ್ ಕೊಡೋ ಮುಂಚೆ ಅದನ್ನೇ ನೋಡಬೇಕು. ಅಂಥ ಕಟ್ಟಡದಲ್ಲಿ ವ್ಯಾಪಾರಕ್ಕೆ ಲೈಸೆನ್ಸೂ ಇಲ್ಲ. 2025ರ ಬೇಸಿಗೆ ಹೊತ್ತಿಗೆ ಇಲ್ಲಿ ಕೆಇಆರ್‌ಸಿ (ರಾಜ್ಯದ ವಿದ್ಯುತ್ ನಿಯಂತ್ರಣ ಆಯೋಗ), ಕರೆಂಟ್ ಸರಬರಾಜು ಮಾಡುವ ಎಸ್ಕಾಂಗಳೆಲ್ಲ ಅದನ್ನು ಪಾಲಿಸತೊಡಗಿದವು. ಅಂದರೆ ಮೀರತ್ತಿನ ಅಂಗಡಿ ಸಾಲಿನಿಂದ ಹೊರಟ ಬೆಂಕಿ ಅಂದ್ರಹಳ್ಳಿಯ ನಮ್ಮ ಗೀಸರಿಗೆ ಬಂದು ತಾಗಿದೆ.

ಇಲ್ಲೊಂದು ಗೊಂದಲ ಹೇಳಬೇಕು. ಅದರಿಂದಲೇ ಏಜೆಂಟುಗಳು ಬದುಕುತ್ತಿರೋದು. ಸಿಸಿ ಅಂದರೆ ಕಂಪ್ಲೀಷನ್ ಸರ್ಟಿಫಿಕೇಟೂ ಹೌದು, ಕಮೆನ್ಸ್‌ಮೆಂಟ್ ಸರ್ಟಿಫಿಕೇಟೂ ಹೌದು. ನಮ್ಮೂರಲ್ಲಿ ಸಿಸಿ ಅಂದರೆ ಸಾಮಾನ್ಯವಾಗಿ ಎರಡನೇದು, ಕಟ್ಟೋಕೆ ಶುರು ಮಾಡಬಹುದು ಅನ್ನೋ ಕಾಗದ. "ಸಿಸಿ ಇದೆ ಸಾರ್" ಅಂತ ಯಾರಾದರೂ ಹೇಳಿದರೆ ಯಾವ ಸಿಸಿ ಅಂತ ಕೇಳಿ. ನಾನು ಕೇಳಿರಲಿಲ್ಲ.

ಅಷ್ಟು ಹೊತ್ತಿಗೆ ಕರೆಂಟ್ ಹೋಯಿತು! ಸುಳ್ಳಲ್ಲ. ಯುಪಿಎಸ್ ಎರಡು ಸಲ ಕೂಗಿ ಅದೂ ಸುಮ್ಮನಾಯಿತು. ಜೂನಿಯರ್ ಮೊಬೈಲ್ ಟಾರ್ಚ್ ಹಿಡಿದ, ಮೇಡಂ ಅದೇ ಬೆಳಕಿನಲ್ಲಿ ಮುಂದಿನ ಪ್ಯಾರಾ ಓದಿದರು. ನಗಬೇಕೋ ಅಳಬೇಕೋ ಗೊತ್ತಾಗಲಿಲ್ಲ.

ಆ ಕತ್ತಲಲ್ಲಿ ನಾನು ಸ್ವಲ್ಪ ಕೋಪದಿಂದಲೇ ಕೇಳಿದೆ. ಹಿಂದಿನ ಬೀದಿಯಲ್ಲಿ ನನಗಿಂತ ಒಂದು ಮಹಡಿ ಜಾಸ್ತಿ ಕಟ್ಟಿದವರಿಗೆ 2022ರಲ್ಲೇ ಮೀಟರ್ ಕೊಟ್ಟಿದ್ದಾರೆ, ನನಗೆ ಯಾಕಿಲ್ಲ? ಕಾನೂನಿನ ಮುಂದೆ ಎಲ್ಲರೂ ಸಮಾನ ಅಲ್ವಾ? "ಸರಿಯಾದದ್ದು ಅವರಿಗೆ ಕೊಟ್ಟು ನಿಮಗೆ ಕೊಡದಿದ್ರೆ ಕೇಳಬಹುದು. ತಪ್ಪಾಗಿ ಕೊಟ್ಟಿದ್ದನ್ನ ನನಗೂ ತಪ್ಪಾಗಿ ಕೊಡಿ ಅಂತ ಆರ್ಟಿಕಲ್ 14ರಲ್ಲಿ ಕೇಳೋಕಾಗಲ್ಲ." ಸರಿ, ಒಳಗೆ 78 ವರ್ಷದ ಅಮ್ಮ ಇದ್ದಾರೆ, ರಾತ್ರಿ ನೆಬ್ಯುಲೈಸರ್ ಬೇಕು ಅಂದೆ. "ಟೆಂಪರರಿ ಇದೆಯಲ್ಲ, ಕೋರ್ಟೂ ಅದನ್ನೇ ಕೇಳುತ್ತೆ" ಅಂದರು. ಭಾವಮೈದನ ಐಡಿಯಾನೂ ಹೇಳಿದೆ, ಎದುರು ಮನೆಯಿಂದ ಒಂದು ವೈರ್ ಎಳೆಯೋದು. ಮೇಡಂ ಹೊರಗಡೆ ಕುರ್ಚಿಯತ್ತ ಕೈ ತೋರಿಸಿದರು. ಒಂದು ಮನೆಗೆ ಕೊಟ್ಟ ಕರೆಂಟನ್ನು ಇನ್ನೊಂದು ಮನೆಗೆ ಬಳಸಿದರೂ ಅದೇ 126. "ಅವರ ಮೀಟರ್ರೂ ಹೋಗುತ್ತೆ, ಸ್ನೇಹನೂ ಹೋಗುತ್ತೆ."

ನನಗೆ ಈ ತೀರ್ಪು ಪೂರ್ತಿ ಒಪ್ಪಿಗೆ ಇದೆ ಅಂತ ಅಂದುಕೊಳ್ಳಬೇಡಿ. ಪಾಯ ತೋಡಿದಾಗ ಯಾರೂ ಬರಲಿಲ್ಲ, ನಾಲ್ಕನೇ ಮೋಲ್ಡ್ ಹಾಕಿದಾಗ ಯಾರೂ ಬರಲಿಲ್ಲ. ಬರಬೇಕು, ಕಟ್ಟುವಾಗಲೇ ಆಗಾಗ ತಪಾಸಣೆ ಮಾಡಬೇಕು ಅಂತ ಅದೇ ತೀರ್ಪಿನಲ್ಲಿ ಇದೆ. ಕೊನೆಯಲ್ಲಿರುವ ಲೈನ್‌ಮನ್ ಮತ್ತು ಮೀಟರ್ ಬೋರ್ಡಿನ ಮೇಲೆ ಇಡೀ ಊರಿನ ಕಟ್ಟಡ ನಿಯಮದ ಭಾರ ಹಾಕಿದರೆ ಹೇಗೆ? ಇದನ್ನು ಹೇಳಿದೆ. ಮೇಡಂ ಒಂದೇ ಮಾತು ಕೇಳಿದರು, "ಬಾಬುಸಾಪಾಳ್ಯ ನೆನಪಿದೆಯಾ?" 2024ರ ಅಕ್ಟೋಬರಿನ ಮಳೆಯಲ್ಲಿ ಕುಸಿದ ಕಟ್ಟಡ. ಒಂಬತ್ತು ಕಾರ್ಮಿಕರು ಸತ್ತರು. ನನ್ನ ಮೇಸ್ತ್ರಿಯ ಹುಡುಗರಿಬ್ಬರು ಆ ವಾರ ಕೆಲಸಕ್ಕೆ ಬಂದಿರಲಿಲ್ಲ, ಹೆದರಿದ್ದರು. ನಾನು ಅವರಿಗೆ ಏನೂ ಆಗಲ್ಲ ಬನ್ನಿ ಅಂತ ಫೋನ್ ಮಾಡಿದ್ದೆ. ಅದನ್ನು ಮೇಡಂಗೆ ಹೇಳಲಿಲ್ಲ.

ಹಾಗಾದರೆ ದಾರಿ ಏನು? ಹೈಕೋರ್ಟಿನಲ್ಲಿ ರಿಟ್ ಹಾಕಿಕೊಡಿ, ಎಷ್ಟಾದರೂ ಕೊಡ್ತೀನಿ ಅಂದೆ. ಬೇರೆ ಯಾರಾದರೂ ಆಗಿದ್ದರೆ ಆ ‘ಎಷ್ಟಾದರೂ’ ಹಿಡಿದುಕೊಂಡುಬಿಡುತ್ತಿದ್ದರು. ನಮ್ಮ ರಸ್ತೆಯ ಒಬ್ಬರು ಬೇರೆ ವಕೀಲರಿಗೆ 80 ಸಾವಿರ ಕೊಟ್ಟು ಹಾಕಿಸಿದ್ದಾರೆ, ಹಿಯರಿಂಗ್ ಮುಂದಕ್ಕೆ ಹೋಗ್ತಾನೇ ಇದೆ. ಮೇಡಂ, "ನಾನು ಹಾಕಲ್ಲ. ಸುಪ್ರೀಂ ಕೋರ್ಟ್ ಹೇಳಿದ್ದನ್ನ ಹೈಕೋರ್ಟ್ ದಾಟೋಕಾಗಲ್ಲ. ನಿಮ್ಮ ದುಡ್ಡು ತಗೊಂಡು ನಿಮಗೆ ಸುಳ್ಳು ಆಸೆ ಮಾರಲ್ಲ. ಕೇಸ್ ಹಾಕಬೇಡಿ" ಅಂದರು. ಸಿಟ್ಟು ಬಂತು, ನಿಜ ಹೇಳುತ್ತೇನೆ. 2,500 ಕೊಟ್ಟು ಇದನ್ನು ಕೇಳೋಕೆ ಬಂದೆನಾ ಅನಿಸಿತು.

ಆದರೆ ಆಮೇಲಿನ ಇಪ್ಪತ್ತು ನಿಮಿಷಕ್ಕೆ ಆ ದುಡ್ಡು ಸಾರ್ಥಕ ಆಯಿತು. ಮೊದಲನೇ ಮಾತು, ಹಿಂಬರಹ ತಗೊಳ್ಳಿ. ಇಷ್ಟು ದಿನ ನನಗೆ ಎಲ್ಲರೂ ಬಾಯಲ್ಲೇ ಇಲ್ಲ ಅಂದಿದ್ದರು. ಅರ್ಜಿ ಬರೆದು, ಸ್ವೀಕೃತಿ ಹಾಕಿಸಿ, ಯಾವ ಕಾರಣಕ್ಕೆ ಕೊಡುತ್ತಿಲ್ಲ ಅಂತ ಲಿಖಿತವಾಗಿ ಪಡೆಯಬೇಕು. ಬಾಯಿಮಾತಿನ ಮೇಲೆ ಯಾವ ವೇದಿಕೆಗೂ ಹೋಗಲಾಗದು. ಓಸಿ ಕೈಲಿದ್ದೂ ಮೀಟರ್ ಕೊಡದೆ ಸತಾಯಿಸಿದರೆ, ಬಿಲ್ ತಪ್ಪು ಬಂದರೆ, ಅವಾಗ ಗ್ರಾಹಕರ ಕುಂದುಕೊರತೆ ನಿವಾರಣಾ ವೇದಿಕೆ ಇದೆ, ಅಲ್ಲಿ ಆಗದಿದ್ದರೆ ಓಂಬುಡ್ಸ್‌ಮನ್ ಇದ್ದಾರೆ, ಅದಕ್ಕೆ ವಕೀಲರೂ ಬೇಕಿಲ್ಲ ಅಂದರು. ವಕೀಲರೇ ವಕೀಲರು ಬೇಡ ಅಂದಿದ್ದು ನಾನು ಕೇಳಿದ್ದು ಇದೇ ಮೊದಲು.

ಎರಡನೇದು ಆ ಕೆಂಪು ಚೌಕ. ನನ್ನ ಸೆಟ್‌ಬ್ಯಾಕ್ (ಮನೆ ಸುತ್ತ ಖಾಲಿ ಬಿಡಬೇಕಾದ ಜಾಗ) ವ್ಯತ್ಯಾಸ ಸಣ್ಣದು, 2003ರ ಕಟ್ಟಡ ಬೈಲಾದಲ್ಲಿ 5 ಪರ್ಸೆಂಟ್ ಒಳಗಿನ ಡೀವಿಯೇಶನ್‌ಗೆ ದಂಡ ಕಟ್ಟಿ ಸರಿ ಮಾಡಿಕೊಳ್ಳೋ ಅವಕಾಶ ಕೊಟ್ಟಿದ್ದರು. ಆದರೆ ಮೇಲಿನ ಮನೆ ಪ್ಲಾನಿನಲ್ಲೇ ಇಲ್ಲ, ಅದು ಯಾವ ಪರ್ಸೆಂಟಿಗೂ ಬರಲ್ಲ. ಪೆನ್ಸಿಲ್ ತಿರುಗಿಸಿ ಲೆಕ್ಕ ಬರೆದರು. ಮೇಲಿನ ಮನೆಯಿಂದ ಬಂದರೆ ತಿಂಗಳಿಗೆ 14 ಸಾವಿರ, ಈಗ ಅದೂ ಖಾಲಿ. ಅದು ಇರೋದರಿಂದ ಓಸಿ ಇಲ್ಲ. ಓಸಿ ಇಲ್ಲದ್ದರಿಂದ ಉಳಿದ ಮೂರು ಮನೆ ಬಾಡಿಗೆಯಲ್ಲಿ ತಲಾ 2 ಸಾವಿರ ಕಮ್ಮಿ, ಬಿಲ್ಲು ಜಾಸ್ತಿ, ಮುಂದೆ ಮಾರೋಣ ಅಂದರೆ ತಗೊಳ್ಳೋರಿಗೆ ಲೋನ್ ಸಿಗಲ್ಲ. "ಆ ಒಂದು ಮನೆ ನಿಮ್ಮ ಇಡೀ ಕಟ್ಟಡದ ತಲೆ ಮೇಲೆ ಕೂತಿದೆ." ಅದಕ್ಕೆ ನಾನು ಸುರಿದದ್ದು 9 ಲಕ್ಷ. ಕಾಗದದ ಮೇಲಿನ ಲೆಕ್ಕ ಸರಿ ಇತ್ತು, ಹೊಟ್ಟೆ ಉರಿಯೋದು ಬೇರೆ.

ಮೂರು ವಾರ ಯೋಚನೆ ಮಾಡಿದೆವು. ಸಂಕ್ರಾಂತಿ ಕಳೆದ ಮೇಲೆ ಕೆಡವಲು ಶುರು ಮಾಡಿದ್ದೇವೆ. ಕಿಟಕಿ, ಬಾಗಿಲು, ಸಿಂಕು ಬಿಚ್ಚಿ ಇಳಿಸಿದ್ದಾಯಿತು. ಟೈಲ್ಸ್ ಒಂದೂ ಪೂರ್ತಿ ಬರಲಿಲ್ಲ. ಕಟ್ಟಿದ ಮೇಸ್ತ್ರಿಯೇ ಕೆಡವುತ್ತಿದ್ದಾನೆ, ಎರಡಕ್ಕೂ ಕೂಲಿ ತಗೊಂಡ ಭಾಗ್ಯವಂತ. ಆಮೇಲೆ ಓಸಿಗೆ ಅರ್ಜಿ. ಅದು ಎಷ್ಟು ದಿನ ಎಳೆಯುತ್ತೋ ನೋಡೋಣ. ಎದುರು ಮನೆಯವರಿಗೆ ಜನವರಿಯಲ್ಲಿ ಪರ್ಮನೆಂಟ್ ಮೀಟರ್ ಬಂತು, ಸ್ಮಾರ್ಟ್ ಮೀಟರು. ಅದರ ಬೆಲೆ ನೋಡಿ ಅವರೂ ಒಂದು ವಾರ ಬಯ್ದರು.

ಎರಡನೇ ಸಲ ಹೋದಾಗ ಹಿಂಬರಹ ತೋರಿಸಿದ್ದಕ್ಕೆ, ಓಸಿ ಅರ್ಜಿಯ ಜೊತೆ ಕೊಡುವ ಕಾಗದಗಳನ್ನು ನೋಡಿಕೊಟ್ಟಿದ್ದಕ್ಕೆ 1,000 ತಗೊಂಡರು. ರಸೀದಿ ಕೇಳಿದರೆ ಮಾತ್ರ ಕೊಡುತ್ತಾರೆ, ಕೇಳಿ. ಕಾರ್ಡ್ ಇಲ್ಲ, ಯುಪಿಐ ಅಥವಾ ನಗದು. ಫೋನ್ ಎತ್ತೋದು ಜೂನಿಯರ್ ಹುಡುಗ, ಅದೂ ಕೋರ್ಟ್ ಮುಗಿದ ಮೇಲೆ, ಬೆಳಗ್ಗೆ ಮಾಡಿದರೆ ವೇಸ್ಟು. ಮೇಡಂ ಬಹಳ ವೇಗವಾಗಿ ಮಾತಾಡುತ್ತಾರೆ, ಪೆನ್ನು-ಪುಸ್ತಕ ಹಿಡಿದುಕೊಂಡು ಹೋಗಿ. ಬೈಯಿಸಿಕೊಳ್ಳೋಕೆ ಆಗದವರು ಹೋಗಬೇಡಿ. 126ರ ನೋಟಿಸ್ ಬಂದಿರೋರು 27ನೇ ದಿನಕ್ಕೆ ಕಾಯಬೇಡಿ, ಬಂದ ವಾರವೇ ಹೋಗಿ.

ಐದಕ್ಕೆ ನಾಲ್ಕು ಸ್ಟಾರ್. ಕಟ್ ಆದ ಒಂದು, ಆಗಲೇ ಹೇಳಿದೆನಲ್ಲ, ಕಾಯಿಸಿದ್ದಕ್ಕೆ. ಏಜೆಂಟ್ ಕೊಟ್ಟ ಭಾನುವಾರದ ಓಸಿಯನ್ನು ಮೇಡಂ ನನಗೆ ವಾಪಸ್ ಕೊಡಲಿಲ್ಲ, ಕವರಿಗೆ ಹಾಕಿ ಮೇಲೆ ತಾರೀಖು ಬರೆದು ಫೈಲಿಗೆ ಸೇರಿಸಿದ್ದಾರೆ, 65 ಸಾವಿರದ ದೂರಿಗೆ ಬೇಕಾಗುತ್ತೆ ಅಂತ. ಏಜೆಂಟ್ ಮೊನ್ನೆ ಫೋನ್ ಮಾಡಿದ್ದ. "ಸಾರ್, ಆ ಪೇಪರ್ ಇನ್ನೂ ಇದೆಯಾ ನಿಮ್ಮ ಹತ್ರ?" ಅಂದ.